ಬಿಲ್ ಲಿಂಕಿನ ಕೊನೆಯ ಅಂಕಿ ಬದಲಿಸಿದರೆ ಬೇರೆ ರೈತರ ಲೆಕ್ಕ ಕಾಣುತ್ತಿದೆ. ಯುಯುಐಡಿ ಹಾಕಿದರೆ ಸಾಕಾ?

ಮಂಡಿಲೆಕ್ಕ, ಕೋಲಾರ

ಎಲ್ಲರಿಗೂ ನಮಸ್ಕಾರ. ಇಲ್ಲಿನ ಒಂದು ಟೊಮೆಟೊ ಮಂಡಿಯ ಬಿಲ್ ಸಾಫ್ಟ್‌ವೇರ್ ನೋಡಿಕೊಳ್ಳುತ್ತೇನೆ. ಬರೆದವರು ಬೇರೆ, ಈ ಸೀಸನ್‌ನಿಂದ ನನ್ನ ಕೈಗೆ ಬಂದಿದೆ. ಹರಾಜು ಮುಗಿದ ಮೇಲೆ ರೈತರ ಮೊಬೈಲಿಗೆ ಮೆಸೇಜ್ ಹೋಗುತ್ತದೆ, ಅದರಲ್ಲಿ ಬಿಲ್ಲಿನ ಲಿಂಕ್ ಇರುತ್ತದೆ. ಲಿಂಕಿನ ಕೊನೆಯಲ್ಲಿ ಬಿಲ್ ನಂಬರ್, 48213 ಅಂತ ಇಟ್ಟುಕೊಳ್ಳಿ.

ಮೊನ್ನೆ ಒಬ್ಬ ರೈತರ ಮಗ, ಡಿಗ್ರಿ ಓದುವ ಹುಡುಗ, ಅದನ್ನು 48214 ಮಾಡಿ ನೋಡಿದ್ದಾನೆ. ಪಕ್ಕದ ಊರಿನವರ ಬಿಲ್ ಪೂರ್ತಿ ತೆರೆದುಕೊಂಡಿದೆ. ಎಷ್ಟು ಬಾಕ್ಸ್, ಏನು ರೇಟು, ಮುಂಗಡ ಎಷ್ಟು ಹಿಡಿದರು, ಕೈಗೆ ಎಷ್ಟು ಬಂತು, ಎಲ್ಲ. ಅದೇ ದಿನ, ಹೆಚ್ಚುಕಡಿಮೆ ಅದೇ ಹೊತ್ತು, ಬಾಕ್ಸಿಗೆ ನಲವತ್ತು ರೂಪಾಯಿ ವ್ಯತ್ಯಾಸ. ಮರುದಿನ ಮಂಡಿ ಬಾಗಿಲಲ್ಲಿ ಜೋರು ಗಲಾಟೆ. ರೇಟಿನ ನ್ಯಾಯ ಅವರವರು ಮಾಡಿಕೊಳ್ಳಲಿ, ಅದು ಇಲ್ಲಿ ಬೇಡ. ನನ್ನ ಪ್ರಶ್ನೆ ಲಿಂಕಿನದ್ದು. ಬಿಲ್ ನಂಬರಿನ ಜಾಗಕ್ಕೆ ಯುಯುಐಡಿ, ಅಂದರೆ ಕಂಪ್ಯೂಟರ್ ತಾನೇ ತಯಾರಿಸುವ ಉದ್ದನೆಯ ಗುರುತು, ಹಾಕಿ ಅಂತ ಎಲ್ಲರೂ ಹೇಳುತ್ತಿದ್ದಾರೆ. ಸಾಕಾಗುತ್ತಾ? ಎರಡು ಬಿಲ್ಲಿಗೆ ಒಂದೇ ಯುಯುಐಡಿ ಬಂದುಬಿಟ್ಟರೆ ಏನು ಗತಿ ಅಂತ ಮಾಲೀಕರು ಕೇಳುತ್ತಿದ್ದಾರೆ, ಅವರಿಗೂ ಉತ್ತರ ಬೇಕು.

ಚಿಂತಾಮಣಿ_ಕೋಡ್

ಸುಮ್ನೆ ಹಾಕಿ ಅಣ್ಣ. ಒಂದು ಲೈನ್ ಕೆಲಸ, ಮುಗೀತು.

ಕೆಜಿಎಫ್_ಹಳೇಕೈ

ಮುಗಿಯಲಿಲ್ಲ ತಮ್ಮಾ. ಇಲ್ಲಿ ಎರಡು ಕೆಲಸ ಇವೆ, ಜನ ಎರಡನ್ನೂ ಒಂದೇ ಅಂದುಕೊಳ್ಳುತ್ತಾರೆ. ಒಂದು, ಎರಡು ಬಿಲ್ಲಿಗೆ ಒಂದೇ ಗುರುತು ಬರಬಾರದು. ಇನ್ನೊಂದು, ಒಬ್ಬರ ಗುರುತು ನೋಡಿ ಇನ್ನೊಬ್ಬರದನ್ನು ಊಹಿಸಲು ಆಗಬಾರದು. 48213, 48214 ಮೊದಲನೆಯ ಕೆಲಸವನ್ನು ಚೆನ್ನಾಗೇ ಮಾಡುತ್ತವೆ. ಒಂದು ಸಲವೂ ಡಿಕ್ಕಿ ಆಗಲ್ಲ. ಎರಡನೆಯದರಲ್ಲಿ ಪೂರ್ತಿ ಫೇಲ್. ಯುಯುಐಡಿ ಹುಟ್ಟಿದ್ದೂ ಮೊದಲನೆಯ ಕೆಲಸಕ್ಕೇ. ಬೇರೆ ಬೇರೆ ಮೆಷಿನ್‌ಗಳು ಒಬ್ಬರನ್ನೊಬ್ಬರು ಕೇಳದೆ ಗುರುತು ಕೊಡುತ್ತಾ ಹೋದರೂ ಒಂದಕ್ಕೊಂದು ಸಿಕ್ಕಿಹಾಕಿಕೊಳ್ಳಬಾರದು ಅಂತ. ಎರಡನೆಯದು ಸಿಗುತ್ತದೋ ಇಲ್ಲವೋ ಅನ್ನೋದು ಅದನ್ನು ಹೇಗೆ ತಯಾರಿಸಿದಿರಿ ಅನ್ನೋದರ ಮೇಲಿದೆ.

ಒಳಗೆ ಏನಿದೆ ನೋಡಿ. ಒಟ್ಟು 128 ಬಿಟ್, ಅಂದರೆ 128 ಸೊನ್ನೆ-ಒಂದುಗಳು. ಬರೆಯುವಾಗ 32 ಹೆಕ್ಸ್ ಅಂಕಿ, ಮಧ್ಯೆ ನಾಲ್ಕು ಅಡ್ಡಗೆರೆ, ಸೇರಿ 36 ಅಕ್ಷರ. ಹೆಕ್ಸ್ ಅಂದರೆ 0 ಇಂದ 9, ಆಮೇಲೆ ಎ ಇಂದ ಎಫ್. ರೂಪ ಹೀಗೆ:

58203917-6041-4792-8365-190274836512

ಮೂರನೇ ಗುಂಪಿನ ಮೊದಲ ಅಂಕಿ 4 ಇದೆಯಲ್ಲ, ಅದು ವರ್ಶನ್. 4 ಅಂದರೆ ರಾಂಡಮ್ ಆಗಿ ಮಾಡಿದ್ದು ಅಂತ. ನಾಲ್ಕನೇ ಗುಂಪಿನ ಮೊದಲನೆಯದು 8, 9, ಎ, ಬಿ ಈ ನಾಲ್ಕರಲ್ಲಿ ಒಂದೇ ಆಗಿರಬೇಕು. ಈ ಗುರುತಿಗೆ 6 ಬಿಟ್ ಹೋಯಿತು, ಉಳಿದ 122 ಬಿಟ್ ರಾಂಡಮ್. ಅಂದರೆ 53 ಬರೆದು ಮುಂದೆ 35 ಸೊನ್ನೆ ಹಾಕಿ, ಸುಮಾರು ಅಷ್ಟು ಬೇರೆ ಬೇರೆ ಗುರುತು ಸಾಧ್ಯ.

ಮುಳಬಾಗಿಲು_ಮೇಷ್ಟ್ರು

ಲೆಕ್ಕದ ಮೇಷ್ಟ್ರು ಸ್ವಾಮಿ ನಾನು, ಸಾಫ್ಟ್‌ವೇರ್ ಗೊತ್ತಿಲ್ಲ. ಆದರೆ ಮೇಲಿನ ಆ ನಂಬರ್ ಯಾವ ಮೆಷಿನ್ನೂ ಕೊಟ್ಟಿದ್ದಲ್ಲ, ಕೈಯಲ್ಲಿ ಬರೆದದ್ದು, ಅಲ್ವಾ? ಮೊದಲನೆಯದಾಗಿ ಒಂದೂ ಅಕ್ಷರ ಇಲ್ಲ. ಹದಿನಾರರಲ್ಲಿ ಹತ್ತು ಮಾತ್ರ ಅಂಕಿ. 30 ಜಾಗದಲ್ಲೂ ಅಂಕಿಯೇ ಬಂದು, ಆ ನಾಲ್ಕನೇ ಗುಂಪಿನಲ್ಲೂ 8 ಅಥವಾ 9 ಬರಬೇಕು ಅಂದರೆ ಸುಮಾರು 26 ಲಕ್ಷಕ್ಕೆ ಒಂದು ಸಲ. ಎರಡನೆಯದು, ಪಕ್ಕಪಕ್ಕದಲ್ಲಿ ಒಂದೇ ಅಂಕಿ ಎಲ್ಲೂ ಎರಡು ಸಲ ಇಲ್ಲ. ಹಾಗೆ ಬಂದರೆ ರಾಂಡಮ್ ಅಲ್ಲ ಅಂತ ಮನುಷ್ಯರಿಗೆ ಅನಿಸುತ್ತದೆ, ತಪ್ಪಿಸುತ್ತಾರೆ. ಮೆಷಿನ್ ತಪ್ಪಿಸಲ್ಲ. ಮೂರನೆಯದು ಇನ್ನೂ ಮಜಾ: 83651 ಅನ್ನೋದು ಎರಡು ಸಲ ಬಂದಿದೆ, ಹುಡುಕಿ. ಬೆರಳಿಗೆ ದಾರಿ ಗೊತ್ತಿರುತ್ತದೆ.

ಕೆಜಿಎಫ್_ಹಳೇಕೈ

ಮೇಷ್ಟ್ರೇ, ನಿಮಗೆ ದೊಡ್ಡ ನಮಸ್ಕಾರ. ಹೌದು, ಕನ್ನಡದಲ್ಲಿ ಟೈಪ್ ಮಾಡುವಾಗ ಅಕ್ಷರ ಬೇಡ ಅಂತ ಕೈಯಲ್ಲೇ ಬರೆದೆ. ರಾಂಡಮ್ ತರ ಕಾಣುವುದಕ್ಕೂ ರಾಂಡಮ್ ಆಗಿರುವುದಕ್ಕೂ ಇರುವ ವ್ಯತ್ಯಾಸ ನೀವೇ ಹೇಳಿಬಿಟ್ಟಿರಿ. ನನ್ನ ಮುಂದಿನ ಅರ್ಧ ಪೋಸ್ಟ್ ಉಳಿಯಿತು.

ಮಂಡಿಲೆಕ್ಕ, ಕೋಲಾರ

ಅದ್ಭುತ ಮೇಷ್ಟ್ರೇ. ಹಾಗಾದರೆ ಮಾಲೀಕರ ಪ್ರಶ್ನೆಗೂ ನೀವೇ ಉತ್ತರ ಹೇಳಿ. ಒಂದೇ ನಂಬರ್ ಎರಡು ಸಲ ಬರುತ್ತಾ? ಅವರು ಇನ್ನೊಂದು ಮಾತೂ ಹೇಳಿದರು: ಅಷ್ಟು ಉದ್ದ ಯಾಕೆ, ಆರು ಅಂಕಿಯ ರಾಂಡಮ್ ನಂಬರ್ ಸಾಲದಾ, ಹತ್ತು ಲಕ್ಷ ಆಯಿತಲ್ಲ ಅಂತ.

ಮುಳಬಾಗಿಲು_ಮೇಷ್ಟ್ರು

ಇದು ತರಗತಿಯಲ್ಲಿ ಪ್ರತಿ ವರ್ಷ ಹೇಳುವ ಲೆಕ್ಕ. ಮುಳಬಾಗಿಲಿನಿಂದ ಕೋಲಾರಕ್ಕೆ ಹೊರಟ ಬಸ್ಸಿನಲ್ಲಿ 23 ಜನ ಇದ್ದರೆ ಸಾಕು, ಇಬ್ಬರ ಹುಟ್ಟುಹಬ್ಬ ಒಂದೇ ದಿನ ಇರುವ ಸಾಧ್ಯತೆ ಅರ್ಧಕ್ಕಿಂತ ಸ್ವಲ್ಪ ಜಾಸ್ತಿ. 365 ದಿನ ಇವೆಯಲ್ಲ ಅನ್ನಬೇಡಿ. ನಿಮ್ಮ ಹುಟ್ಟುಹಬ್ಬಕ್ಕೆ ಯಾರದ್ದಾದರೂ ಹೊಂದುತ್ತದಾ ಅನ್ನೋದು ಪ್ರಶ್ನೆ ಅಲ್ಲ. ಯಾರಿಗೆ ಯಾರದ್ದಾದರೂ ಹೊಂದುತ್ತದಾ ಅನ್ನೋದು. ಜೋಡಿಗಳ ಲೆಕ್ಕ ಹಾಕಿದರೆ 253 ಆಗುತ್ತವೆ.

ಅದೇ ಲೆಕ್ಕ ಆರು ಅಂಕಿಗೆ ಹಾಕಿದರೆ, ಹತ್ತು ಲಕ್ಷ ನಂಬರ್ ಇದ್ದರೂ ಸುಮಾರು 1,177 ಬಿಲ್ ಆಗುವಷ್ಟರಲ್ಲಿ ಎಲ್ಲೋ ಒಂದು ಜೋಡಿ ಒಂದೇ ಆಗಿರುವ ಸಾಧ್ಯತೆ ಅರ್ಧಕ್ಕೆ ಅರ್ಧ. ಸೀಸನ್ನಿನಲ್ಲಿ ಅಷ್ಟು ಬಿಲ್ ಆಗಲು ಎಷ್ಟು ದಿನ ಬೇಕು ಅಂತ ಮಾಲೀಕರನ್ನೇ ಕೇಳಿ. 122 ಬಿಟ್‌ಗೆ ಅದೇ ಅರ್ಧಕ್ಕರ್ಧ ಬರಬೇಕಾದರೆ ಸೆಕೆಂಡಿಗೆ ನೂರು ಕೋಟಿ ಗುರುತು ಮಾಡುತ್ತಾ ಸುಮಾರು 86 ವರ್ಷ ಕೂರಬೇಕು. ಮಂಡಿ ವರ್ಷಕ್ಕೆ ಹತ್ತು ಲಕ್ಷ ಬಿಲ್ ಮಾಡಿ, ನೂರು ವರ್ಷ ನಡೆದರೂ, ಡಿಕ್ಕಿಯ ಸಾಧ್ಯತೆ 1 ರ ಮುಂದೆ 21 ಸೊನ್ನೆ ಹಾಕಿದಷ್ಟರಲ್ಲಿ ಒಂದು ಪಾಲು. ನಾನಾಗಿದ್ದರೆ ಆ ವಿಷಯ ಮರೆತು ಹಮಾಲಿ ಲೆಕ್ಕ ನೋಡಿಕೊಳ್ಳುತ್ತಿದ್ದೆ.

ತುಮಕೂರು_ಟೆಸ್ಟರ್

ಆರು ಅಂಕಿಯಲ್ಲಿ ಇನ್ನೊಂದು ತೊಂದರೆ ಇದೆ. ಹತ್ತು ಲಕ್ಷದಲ್ಲಿ ಹತ್ತು ಸಾವಿರ ಬಿಲ್ ಇದ್ದರೆ, ಕಣ್ಣು ಮುಚ್ಚಿ ಹೊಡೆದ ನೂರು ನಂಬರಿನಲ್ಲಿ ಸರಾಸರಿ ಒಂದಕ್ಕೆ ಬಿಲ್ ಸಿಗುತ್ತದೆ. ಆ ಡಿಗ್ರಿ ಹುಡುಗ ಸಣ್ಣದೊಂದು ಸ್ಕ್ರಿಪ್ಟ್ ಬರೆದರೆ ಟೀ ಕುಡಿದು ಬರುವಷ್ಟರಲ್ಲಿ ಎಲ್ಲ ಬಿಲ್ಲೂ ಅವನ ಹತ್ತಿರ.

ಶಿಡ್ಲಘಟ್ಟ_ಗೂಡು

ನಾನು ರೇಷ್ಮೆ ಗೂಡು ಮಾರ್ಕೆಟ್ಟಿಗೆ ಒಂದು ಸಣ್ಣ ಆ್ಯಪ್ ಮಾಡಿದ್ದೆ. ಜಾವಾಸ್ಕ್ರಿಪ್ಟಿನಲ್ಲಿ ಯುಯುಐಡಿಗೆ ಲೈಬ್ರರಿ ಏನೂ ಬೇಡ. ಎಕ್ಸ್‌ಗಳನ್ನು ಸಾಲಾಗಿ ಬರೆದು, ಒಂದೊಂದು ಎಕ್ಸ್ ಜಾಗಕ್ಕೆ ಮ್ಯಾಥ್.ರಾಂಡಮ್ ಇಂದ ಒಂದು ಹೆಕ್ಸ್ ಅಂಕಿ ಹಾಕುವ ಮೂರು ಸಾಲಿನ ಕೋಡ್ ನೆಟ್‌ನಲ್ಲಿ ಎಲ್ಲ ಕಡೆ ಸಿಗುತ್ತದೆ. ಅದನ್ನೇ ಹಾಕಿ.

ಕೆಜಿಎಫ್_ಹಳೇಕೈ

ಬೇಡ ಬೇಡ ಬೇಡ. ನಾನು ಹೇಳಬೇಕು ಅಂದುಕೊಂಡಿದ್ದು ಇದೇ.

ಮ್ಯಾಥ್.ರಾಂಡಮ್ ಅಂದರೆ ಒಳಗೆ ಒಂದು ಸಣ್ಣ ಸೂತ್ರ. ಅದಕ್ಕೆ ಒಂದು ಸ್ಥಿತಿ ಇರುತ್ತದೆ, ಆ ಸ್ಥಿತಿಯಿಂದ ಒಂದು ನಂಬರ್ ಕೊಟ್ಟು ಮುಂದಿನ ಸ್ಥಿತಿಗೆ ಹೋಗುತ್ತದೆ. ನೋಡುವವರಿಗೆ ಗೊಂದಲ, ಸೂತ್ರಕ್ಕೆ ಮಾತ್ರ ಎಲ್ಲ ಗೊತ್ತು. ಕ್ರೋಮ್ ಒಳಗಿನ ವಿ8 ಇಂಜಿನ್ 2015 ರ ತನಕ ಬಳಸುತ್ತಿದ್ದ ಸೂತ್ರ ಎಷ್ಟು ದುರ್ಬಲ ಇತ್ತು ಅಂದರೆ, ಅದರಿಂದ ಮಾಡಿದ ಉದ್ದುದ್ದ ಗುರುತುಗಳೂ ನಿಜಕ್ಕೂ ಡಿಕ್ಕಿ ಹೊಡೆದವು. ಆಮೇಲೆ ಒಳ್ಳೆಯ ಸೂತ್ರಕ್ಕೆ ಬದಲಾದರು. ಆದರೆ ಅದೂ ಗುಟ್ಟು ಕಾಯುವ ಸೂತ್ರ ಅಲ್ಲ. ಕೆಲವೇ ಉತ್ತರ ಸಿಕ್ಕಿದರೆ ಒಳಗಿನ ಸ್ಥಿತಿ ಲೆಕ್ಕ ಹಾಕಬಹುದು, ಅಲ್ಲಿಂದ ಮುಂದೆ ಬರುವುದೆಲ್ಲ ಗೊತ್ತಾಗುತ್ತದೆ. ಪೈಥಾನಿನ ರಾಂಡಮ್ ಮಾಡ್ಯೂಲ್ ಕೂಡ ಹಾಗೇ. ಅದರಲ್ಲಿರುವುದು ಮರ್ಸೆನ್ ಟ್ವಿಸ್ಟರ್. 32 ಬಿಟ್‌ನ 624 ಉತ್ತರ ಸತತವಾಗಿ ಸಿಕ್ಕಿದರೆ ಪೂರ್ತಿ ಜಾತಕ ಕೈಗೆ ಬಂದ ಹಾಗೆ.

ಅಂದರೆ ನಿಮ್ಮ ಯುಯುಐಡಿ ನೋಡಲು 122 ಬಿಟ್, ನಿಜವಾದ ಬಲ ಬೀಜದ್ದು, ಅಂದರೆ ಸೂತ್ರ ಶುರುವಾಗುವ ಮೊದಲ ನಂಬರಿನದ್ದು, ಎಷ್ಟಿದೆಯೋ ಅಷ್ಟೇ. ಇದಕ್ಕೆ ಎರಡು ಕಥೆ ಎಲ್ಲರಿಗೂ ಗೊತ್ತಿರಬೇಕು. 1995 ರಲ್ಲಿ ನೆಟ್‌ಸ್ಕೇಪ್ ಬ್ರೌಸರಿನ ಗುಪ್ತ ಕೀಲಿಗಳನ್ನು ಬರ್ಕ್ಲಿಯ ಇಬ್ಬರು ವಿದ್ಯಾರ್ಥಿಗಳು ಒಡೆದರು. ಕೀಲಿಯನ್ನೇ ನೇರವಾಗಿ ಒಡೆಯಲಿಲ್ಲ, ಬೀಜ ಊಹಿಸಿದರು. ಬೀಜ ಬರುತ್ತಿದ್ದದ್ದು ಗಡಿಯಾರದ ಸಮಯ ಮತ್ತು ಪ್ರೋಸೆಸ್ ನಂಬರಿನಿಂದ, ಅಂದರೆ ಓಡುವ ಪ್ರೋಗ್ರಾಂಗೆ ಸಿಸ್ಟಂ ಕೊಡುವ ನಂಬರಿನಿಂದ. ಎರಡನೆಯದು ಡೆಬಿಯನ್ ಲಿನಕ್ಸಿನದ್ದು, ನನಗಂತೂ ಇದು ನೆನೆದರೆ ಈಗಲೂ ಹೊಟ್ಟೆ ಕಲಕುತ್ತದೆ. 2006 ರಲ್ಲಿ, ಒಂದು ತಪಾಸಣೆ ಟೂಲ್ ಎಚ್ಚರಿಕೆ ತೋರಿಸುತ್ತಿದೆ ಅಂತ ಓಪನ್‌ಎಸ್‌ಎಸ್‌ಎಲ್‌ ಅನ್ನೋ, ಗುಪ್ತ ಕೀಲಿ ತಯಾರಿಸುವ ಸಾಫ್ಟ್‌ವೇರಿನ ಕೋಡಿನಲ್ಲಿ ಯಾರೋ ಒಂದೆರಡು ಸಾಲು ತೆಗೆದರು. ರಾಂಡಮ್ ಬೀಜ ಒಳಗೆ ಹೋಗುತ್ತಿದ್ದದ್ದೇ ಆ ದಾರಿಯಲ್ಲಿ. ಉಳಿದದ್ದು ಪ್ರೋಸೆಸ್ ನಂಬರ್ ಒಂದೇ, ಅದು ಹೆಚ್ಚೆಂದರೆ 32,768. ಪ್ರೋಗ್ರಾಂ ಚೆನ್ನಾಗಿ ಓಡುತ್ತಿತ್ತು, ಕೀಲಿಗಳು ಉದ್ದುದ್ದ, ನೋಡಲು ಒಂದಕ್ಕಿಂತ ಒಂದು ಬೇರೆ. ಯಾರಿಗೂ ಅನುಮಾನ ಬರಲಿಲ್ಲ. 2008 ರ ಮೇ ತಿಂಗಳಲ್ಲಿ ಗೊತ್ತಾದಾಗ, ಆ ಎರಡು ವರ್ಷದಲ್ಲಿ ಆ ಸಿಸ್ಟಂಗಳಲ್ಲಿ ಮಾಡಿದ ಕೀಲಿಗಳನ್ನೆಲ್ಲ ಎಸೆದು ಹೊಸದು ಮಾಡಬೇಕಾಯಿತು. ಟೆಸ್ಟ್ ಮಾಡಿ ಹಿಡಿಯೋಕೆ ಆಗದ ತಪ್ಪು ಇದು. ಔಟ್‌ಪುಟ್ ಎಷ್ಟು ನೋಡಿದರೂ ಚೆನ್ನಾಗೇ ಕಾಣುತ್ತದೆ.

ಮಾಡಬೇಕಾದ್ದು ಸುಲಭ. ಬ್ರೌಸರ್ ಆದರೆ ಕ್ರಿಪ್ಟೋ.ರಾಂಡಮ್‌ಯುಯುಐಡಿ, ಪೈಥಾನ್ ಆದರೆ ಯುಯುಐಡಿ4. ಇವು ಆಪರೇಟಿಂಗ್ ಸಿಸ್ಟಂನ ರಾಂಡಮ್ ಮೂಲದಿಂದ ತೆಗೆದುಕೊಳ್ಳುತ್ತವೆ. ಅಲ್ಲಿ ಡಿಸ್ಕ್, ಕೀಬೋರ್ಡ್, ನೆಟ್‌ವರ್ಕ್ ಇಂಥ ಕಡೆಯಿಂದ ಬರುವ ಇಂಟರಪ್ಟುಗಳ, ಅಂದರೆ ಪ್ರೊಸೆಸರಿನ ಗಮನ ಸೆಳೆಯುವ ಸೂಚನೆಗಳ, ಸಮಯದ ಏರುಪೇರು, ಪ್ರೊಸೆಸರಿನ ರಾಂಡಮ್ ಸೌಲಭ್ಯ, ಎಲ್ಲ ಸೇರಿಸಿ ಕಲೆಸಿ ಕೊಡುತ್ತದೆ. ಒಂದು ವಿಷಯ ನೆನಪಿರಲಿ: ಬ್ರೌಸರಿನಲ್ಲಿ ಅದು ಎಚ್‌ಟಿಟಿಪಿಎಸ್ ಇದ್ದರೆ ಮಾತ್ರ ಸಿಗುತ್ತದೆ, ಬರೀ ಎಚ್‌ಟಿಟಿಪಿ ಸೈಟಿನಲ್ಲಿ ಆ ಫಂಕ್ಷನ್ನೇ ಇರಲ್ಲ. ಎಷ್ಟೋ ಜನ ಅದಕ್ಕೇ ಮತ್ತೆ ಮ್ಯಾಥ್.ರಾಂಡಮ್‌ಗೆ ಹೋಗುತ್ತಾರೆ.

ಶಿಡ್ಲಘಟ್ಟ_ಗೂಡು

ಗೂಡಿನ ಲಾಟ್ ನಂಬರಿಗೆ ಯಾರು ಇಷ್ಟೆಲ್ಲ ಲೆಕ್ಕ ಹಾಕುತ್ತಾರೆ ಸರ್?

ಕೆಜಿಎಫ್_ಹಳೇಕೈ

ಲಾಟ್ ನಂಬರಿಗೆ ಯಾರೂ ಹಾಕಲ್ಲ. ಅದೇ ಕೋಡನ್ನು ನಾಳೆ ಪಾಸ್‌ವರ್ಡ್ ರೀಸೆಟ್ ಲಿಂಕಿಗೆ ಕಾಪಿ ಮಾಡುತ್ತೀರಲ್ಲ, ಅಲ್ಲಿ ಹಾಕುತ್ತಾರೆ.

ಶ್ರೀನಿವಾಸಪುರ_ಮಾವು

ಮಧ್ಯೆ ಬಾಯಿ ಹಾಕುತ್ತಿದ್ದೇನೆ, ಬೈಬೇಡಿ. ಆಧಾರ್ ನಂಬರ್ ಕೂಡ ಹೀಗೇನಾ?

ತುಮಕೂರು_ಟೆಸ್ಟರ್

ಅರ್ಧ ಹೌದು. 12 ಅಂಕಿಯಲ್ಲಿ 11 ರಾಂಡಮ್, 0 ಅಥವಾ 1 ಇಂದ ಶುರು ಆಗಲ್ಲ. ಕೊನೆಯದು ತಾಳೆ ನೋಡುವ ಅಂಕಿ, ವರ್‌ಹೂಫ್ ಅನ್ನೋ ವಿಧಾನದಲ್ಲಿ ಲೆಕ್ಕ ಹಾಕಿದ್ದು. ಒಂದು ಅಂಕಿ ತಪ್ಪು ಬರೆದರೆ, ಅಥವಾ ಪಕ್ಕಪಕ್ಕದ ಎರಡು ಅದಲುಬದಲಾದರೆ ಅಲ್ಲೇ ಸಿಕ್ಕಿಬೀಳುತ್ತದೆ. ಯುಯುಐಡಿಯಲ್ಲಿ ಆ ಸೌಕರ್ಯ ಇಲ್ಲ. ನಂಬರ್ ನೋಡಿ ಯಾವ ಜಿಲ್ಲೆ, ಯಾವ ವಯಸ್ಸು ಅಂತ ಹೇಳಲು ಆಗಬಾರದು ಅಂತ ಆಧಾರ್ ರಾಂಡಮ್ ಮಾಡಿದ್ದು. ಗಾಡಿ ನಂಬರ್ ಹಾಗಲ್ಲ, ಕೆಎ 07 ಅಂದ ತಕ್ಷಣ ಕೋಲಾರ, 08 ಕೆಜಿಎಫ್, 40 ಚಿಕ್ಕಬಳ್ಳಾಪುರ ಅಂತ ಗೊತ್ತಾಗುತ್ತದೆ. ಆದರೆ ಆಧಾರ್ ಒಂದೇ ಕಡೆಯಿಂದ ಕೊಡುವುದು. ಎರಡು ಸಲ ಬರದ ಹಾಗೆ ಅಲ್ಲೇ ನೋಡಿಕೊಳ್ಳುತ್ತಾರೆ, ಅದಕ್ಕೇ 12 ಅಂಕಿ ಸಾಕಾಗಿದೆ. ಯಾರನ್ನೂ ಕೇಳದೆ ಕೊಡಬೇಕಾದಾಗ ಮಾತ್ರ ಯುಯುಐಡಿಯಷ್ಟು ಉದ್ದ ಬೇಕು.

ಮಂಡಿಲೆಕ್ಕ, ಕೋಲಾರ

ಮೇಡಂ, ಯಾರನ್ನೂ ಕೇಳದೆ ಅಂದಿರಲ್ಲ, ಅದು ನಮಗೆ ಸರಿಯಾಗಿ ಬೇಕು. ಹರಾಜಿನ ಹೊತ್ತಿಗೆ ಯಾರ್ಡಿನಲ್ಲಿ ಎಲ್ಲರೂ ಫೋನಿನಲ್ಲೇ ಇರುತ್ತಾರೆ, ನೆಟ್‌ವರ್ಕ್ ಸತ್ತುಹೋಗುತ್ತದೆ. ನಮ್ಮ ಹುಡುಗರ ಟ್ಯಾಬ್ ಸರ್ವರಿನಿಂದ ಬಿಲ್ ನಂಬರ್ ಬರಲಿ ಅಂತ ಕಾಯುತ್ತಾ ಕೂರುತ್ತದೆ. ಇಲ್ಲವೇ ಒಂದೇ ಬಿಲ್ ಎರಡು ಸಲ ಹೋಗುತ್ತದೆ.

ಕೆಜಿಎಫ್_ಹಳೇಕೈ

ಇದೇ ನಿಜವಾದ ಉಪಯೋಗ. ಟ್ಯಾಬ್ ತಾನೇ ಯುಯುಐಡಿ ಹಾಕಿ ಬಿಲ್ ಉಳಿಸಿಕೊಳ್ಳಲಿ. ನೆಟ್ ಬಂದಾಗ ಕಳಿಸಲಿ. ಉತ್ತರ ಬರಲಿಲ್ಲ ಅಂತ ಮತ್ತೆ ಕಳಿಸಿದರೂ ಸರ್ವರ್‌ಗೆ ಅದೇ ಗುರುತು ಬರುತ್ತದೆ, ಇದು ಆಗಲೇ ಇದೆ ಅಂತ ಸುಮ್ಮನಾಗುತ್ತದೆ. ಎರಡು ಬಿಲ್ಲಿನ ಕಾಟ ತಪ್ಪಿತು. ಕಾಲಮ್‌ಗೆ ಯುನೀಕ್, ಅಂದರೆ ಒಂದೇ ಗುರುತು ಎರಡು ಸಲ ಬರಬಾರದು, ಅಂತ ಹಾಕುವುದು ಮಾತ್ರ ಮರೆಯಬೇಡಿ. ಮೇಷ್ಟ್ರ ಲೆಕ್ಕ ಸರಿ, ಆದರೆ ಡಿಕ್ಕಿ ಬರುವುದು ಲೆಕ್ಕದಿಂದ ಅಲ್ಲ, ಕೆಟ್ಟ ಕೋಡಿನಿಂದ, ಅಥವಾ ಯಾರೋ ಒಂದು ಟ್ಯಾಬಿನ ಡೇಟಾ ಇನ್ನೊಂದಕ್ಕೆ ಪೂರ್ತಿ ಕಾಪಿ ಹೊಡೆದಾಗ.

ಇನ್ನೊಂದು, ಬಿಲ್ ನಂಬರ್ ತೆಗೆದು ಅಲ್ಲಿ ಯುಯುಐಡಿ ಹಾಕಬೇಡಿ. ಜಿಎಸ್‌ಟಿ ನಿಯಮದಲ್ಲಿ ಬಿಲ್ಲಿಗೆ ಕ್ರಮವಾಗಿ ಬರುವ ನಂಬರ್ ಬೇಕು, 16 ಅಕ್ಷರ ಮೀರಬಾರದು. ಅದನ್ನು ಸರ್ವರ್ ಆಮೇಲೆ ಕೊಡಲಿ. ಲಿಂಕಿಗೆ ಬೇರೆ ಕಾಲಮ್.

ಚಿಂತಾಮಣಿ_ಕೋಡ್

ಡೇಟಾಬೇಸ್‌ನಲ್ಲಿ ರಾಂಡಮ್ ಕೀ ಹಾಕಿದರೆ ನಿಧಾನ ಆಗುತ್ತೆ ಅಂತಾರಲ್ಲ ಅಣ್ಣ?

ಕೆಜಿಎಫ್_ಹಳೇಕೈ

ಟೇಬಲ್ ದೊಡ್ಡದಾದರೆ ಹೌದು. ಬೇಗ ಹುಡುಕಲು ಡೇಟಾಬೇಸ್ ಇಟ್ಟುಕೊಳ್ಳುವ ಇಂಡೆಕ್ಸಿನಲ್ಲಿ ಕ್ರಮವಾಗಿ ಕೊನೆಗೆ ಸೇರುವ ಬದಲು ಎಲ್ಲೆಲ್ಲೋ ಮಧ್ಯೆ ತೂರಿಸಬೇಕು, ಪೇಜ್‌ಗಳು ಒಡೆಯುತ್ತವೆ. ಅದಕ್ಕೇ 2024 ರ ಮೇ ತಿಂಗಳಲ್ಲಿ ಬಂದ ಇಂಟರ್ನೆಟ್ ಮಾನದಂಡದ ದಾಖಲೆ ಆರ್‌ಎಫ್‌ಸಿ 9562 ರಲ್ಲಿ ವರ್ಶನ್ 7 ಸೇರಿಸಿದರು. ಮೊದಲ 48 ಬಿಟ್ ಸಮಯ, ಮಿಲಿಸೆಕೆಂಡ್ ಲೆಕ್ಕದಲ್ಲಿ. ಉಳಿದದ್ದರಲ್ಲಿ 74 ಬಿಟ್ ರಾಂಡಮ್. ಸಮಯದ ಕ್ರಮದಲ್ಲೇ ಸಾಲಾಗುತ್ತವೆ. ಆದರೆ ಯಾವಾಗ ಮಾಡಿದ್ದು ಅನ್ನೋದು ನೋಡಿದವರಿಗೆ ಗೊತ್ತಾಗುತ್ತದೆ. ಒಳಗಿನ ಕೀಗೆ 7, ಹೊರಗಿನ ಲಿಂಕಿಗೆ 4, ನನ್ನ ರೂಢಿ ಇದು. ವರ್ಶನ್ 1 ರ ಕಡೆ ಮಾತ್ರ ಹೋಗಬೇಡಿ, ಅದರಲ್ಲಿ ಸಮಯದ ಜೊತೆ ನೆಟ್‌ವರ್ಕ್ ಕಾರ್ಡಿನ ವಿಳಾಸವೂ ಇರುತ್ತದೆ. 1999 ರ ಮೆಲಿಸ್ಸಾ ವೈರಸ್ಸಿನ ಜಾಡು ಹಿಡಿಯುವಾಗ ವರ್ಡ್ ಫೈಲಿನಲ್ಲಿದ್ದ ಅಂಥ ಗುರುತು ಕೂಡ ಕೈಗೆ ಸಿಕ್ಕಿತ್ತು. ವೈರಸ್ ಬರೆದವರು ಸಿಕ್ಕಿದ್ದು ಒಳ್ಳೆಯದೇ, ಆದರೆ ಸುಮ್ನೆ ಪತ್ರ ಬರೆದವರ ಫೈಲಿನಲ್ಲೂ ಅದೇ ಇತ್ತಲ್ಲ.

ಮುಳಬಾಗಿಲು_ಮೇಷ್ಟ್ರು

ಕ್ರಮದ ನಂಬರ್ ಹೊರಗೆ ಹೋದರೆ ಇನ್ನೊಂದು ನಷ್ಟ ಇದೆ. ಎರಡನೇ ಮಹಾಯುದ್ಧದಲ್ಲಿ ಜರ್ಮನಿ ತಿಂಗಳಿಗೆ ಎಷ್ಟು ಟ್ಯಾಂಕ್ ಮಾಡುತ್ತಿದೆ ಅಂತ ಸಿಕ್ಕಿದ ಟ್ಯಾಂಕುಗಳ ಸೀರಿಯಲ್ ನಂಬರ್ ನೋಡಿ ಲೆಕ್ಕ ಹಾಕಿದರು. 1942 ರ ಆಗಸ್ಟ್‌ಗೆ ಗೂಢಚಾರರು ಹೇಳಿದ್ದು 1,550, ಲೆಕ್ಕದವರು ಹೇಳಿದ್ದು 327. ಯುದ್ಧ ಮುಗಿದ ಮೇಲೆ ದಾಖಲೆ ನೋಡಿದರೆ 342. ಬೆಳಗ್ಗೆ ಒಂದು, ಸಂಜೆ ಒಂದು ಬಿಲ್ ಸಿಕ್ಕಿದರೆ ನಿಮ್ಮ ಪಕ್ಕದ ಮಂಡಿಯವರಿಗೆ ಇಷ್ಟೂ ಬೇಡ, ಬರೀ ಕಳೆಯುವ ಲೆಕ್ಕ ಸಾಕು.

ಮಂಡಿಲೆಕ್ಕ, ಕೋಲಾರ

ಇದನ್ನು ಹೇಳಿದರೆ ಮಾಲೀಕರು ಇವತ್ತೇ ಬದಲಾಯಿಸಿ ಅನ್ನುತ್ತಾರೆ. ರೈತರ ಬಿಲ್ ಕಂಡಿದ್ದಕ್ಕಿಂತ ಅವರಿಗೆ ಇದೇ ಜಾಸ್ತಿ ಉರಿಯುತ್ತದೆ.

ತುಮಕೂರು_ಟೆಸ್ಟರ್

ಎಲ್ಲರೂ ನಂಬರಿನ ಹಿಂದೆ ಬಿದ್ದಿದ್ದೀರಿ. ಬಾಗಿಲಿಗೆ ಬೀಗವೇ ಇಲ್ಲ, ಮನೆ ವಿಳಾಸ ಉದ್ದ ಮಾಡುತ್ತಿದ್ದೀರಿ. ಆ ಹುಡುಗ 48214 ಅಂತ ಕೇಳಿದಾಗ ಈ ಬಿಲ್ ನಿನ್ನದಾ ಅಂತ ಸರ್ವರ್ ಕೇಳಲಿಲ್ಲ, ಮೂಲ ತಪ್ಪು ಅದು. 2005 ರ ಹಳೆಯ ಆರ್‌ಎಫ್‌ಸಿ 4122 ರಲ್ಲೇ ಹೇಳಿದ್ದಾರೆ, ಯುಯುಐಡಿ ಊಹಿಸಲು ಕಷ್ಟ ಅಂದುಕೊಳ್ಳಬೇಡಿ, ಅದು ಕೈಲಿದ್ದರೆ ಸಾಕು ಒಳಗೆ ಬಿಡುವ ತರ ಬಳಸಬೇಡಿ ಅಂತ. ಊಹಿಸುವುದು ಬಿಡಿ, ಲಿಂಕ್ ತಾನೇ ಹೊರಗೆ ಹೋಗುತ್ತದೆ. ವಾಟ್ಸಾಪ್ ಗುಂಪಿಗೆ ಫಾರ್ವರ್ಡ್ ಆಗುತ್ತದೆ, ಬ್ರೌಸರ್ ಹಿಸ್ಟರಿಯಲ್ಲಿ ಕೂರುತ್ತದೆ, ಸರ್ವರ್ ಲಾಗಿನಲ್ಲಿ ಬೀಳುತ್ತದೆ. ಮೊಬೈಲಿಗೆ ಒಟಿಪಿ ಕಳಿಸಿ ಕೇಳಿ.

ಮಂಡಿಲೆಕ್ಕ, ಕೋಲಾರ

ಮೇಡಂ, ಮಾತು ಒಪ್ಪಿದೆ. ಆದರೆ ಲೋಡ್ ತರುವುದು ಒಬ್ಬರು, ಫೋನ್ ಇರುವುದು ಮನೆಯಲ್ಲಿ, ಬಿಲ್ ನೋಡುವುದು ಮಗಳು. ಡ್ರೈವರಿಗೂ ತೋರಿಸಬೇಕು, ಬಾಡಿಗೆ ಅದರಲ್ಲೇ ಇರುತ್ತದೆ. ಪ್ರತಿ ಸಲ ಒಟಿಪಿ ಕೇಳಿದರೆ ಚೀಟಿನೇ ಕೊಡ್ರಪ್ಪ ಅಂತಾರೆ.

ತುಮಕೂರು_ಟೆಸ್ಟರ್

ಹಾಗಾದರೆ ಹೀಗೆ ಮಾಡಿ. ಏಳು ದಿನ ಲಿಂಕ್ ಇದ್ದವರಿಗೆ ಬಿಲ್ ಕಾಣಲಿ, ಆದರೆ ಹೆಸರು ಅರ್ಧ, ಬ್ಯಾಂಕ್ ವಿವರ ಬೇಡವೇ ಬೇಡ. ಏಳು ದಿನ ಆದ ಮೇಲೆ ಒಟಿಪಿ. ಹಳೆಯ ನಂಬರಿನ ಲಿಂಕುಗಳಿಗೆ ಇವತ್ತಿಂದಲೇ ಒಟಿಪಿ. ಅನುಮತಿ ಇಲ್ಲ ಅಂತ ಹೇಳಬೇಡಿ, ಇಂಥ ಪುಟವೇ ಇಲ್ಲ ಅಂತ ಹೇಳಿ. ಅನುಮತಿ ಇಲ್ಲ ಅಂದರೆ ಆ ನಂಬರಿನಲ್ಲಿ ಬಿಲ್ ಇದೆ ಅಂತ ಒಪ್ಪಿಕೊಂಡ ಹಾಗೆ. ಒಂದೇ ಕಡೆಯಿಂದ ಇಲ್ಲದ ಪುಟಗಳನ್ನು ತುಂಬ ಕೇಳುತ್ತಿದ್ದರೆ ಸ್ವಲ್ಪ ಹೊತ್ತು ತಡೆಯಿರಿ.

ಚಿಂತಾಮಣಿ_ಕೋಡ್

ಮೆಸೇಜ್ ಕನ್ನಡದಲ್ಲಿ ಕಳಿಸುತ್ತೀರಾ ಅಣ್ಣ? ಕನ್ನಡ ಅಕ್ಷರ ಇದ್ದರೆ ಒಂದು ಎಸ್‌ಎಂಎಸ್‌ಗೆ 70 ಅಕ್ಷರ ಅಷ್ಟೇ. ಅದರಲ್ಲಿ ಅರ್ಧಕ್ಕಿಂತ ಜಾಸ್ತಿ ಈ 36 ತಿಂದುಬಿಡುತ್ತೆ.

ಕೆಜಿಎಫ್_ಹಳೇಕೈ

ಒಳ್ಳೆಯ ಮಾತು ತಮ್ಮಾ. ಡೇಟಾಬೇಸಿನಲ್ಲಿ 16 ಬೈಟ್ ಆಗಿಯೇ ಇಡಿ, ಲಿಂಕಿಗೆ ಮಾತ್ರ ಬೇಸ್64 ರಲ್ಲಿ, ಅಂದರೆ 16 ರ ಬದಲು 64 ಚಿಹ್ನೆ ಬಳಸುವ ರೂಪದಲ್ಲಿ, ಬರೆಯಿರಿ. 22 ಅಕ್ಷರಕ್ಕೆ ಇಳಿಯುತ್ತದೆ, ಬಿಟ್ ಒಂದೂ ಕಮ್ಮಿ ಆಗಲ್ಲ. ಯಾರೂ ಫೋನಿನಲ್ಲಿ ಓದಿ ಹೇಳಲು ಆಗಲ್ಲ, ಸಣ್ಣಕ್ಷರ ದೊಡ್ಡಕ್ಷರ ಬೆರೆತಿರುತ್ತದೆ. ಓದಿ ಹೇಳಲು ಬಿಲ್ ನಂಬರ್ ಇದೆಯಲ್ಲ.

ಮಂಡಿಲೆಕ್ಕ, ಕೋಲಾರ

ಸರಿ. ಎಸ್‌ಎಂಎಸ್ ಬೇಡ ಅನ್ನುವವರಿಗೆ ಚೀಟಿಯ ಮೇಲೇ ಕ್ಯೂಆರ್ ಹಾಕೋಣ ಅಂತಿದ್ದೇನೆ. ನಮ್ಮದು ಎರಡು ಇಂಚಿನ ಥರ್ಮಲ್ ಪ್ರಿಂಟರ್. ಅಷ್ಟು ಉದ್ದದ ಲಿಂಕ್ ಹಿಡಿಯುತ್ತಾ?

ಶಿಡ್ಲಘಟ್ಟ_ಗೂಡು

ಹಿಡಿಯುತ್ತದೆ. ನಾನು ಲಾಟ್ ಚೀಟಿಗೆ ಹಾಕಿದ್ದೇನೆ. 33 ಚೌಕ ಅಗಲದ ಕ್ಯೂಆರ್‌ನಲ್ಲಿ ತಿದ್ದುಪಡಿ, ಅಂದರೆ ಸ್ವಲ್ಪ ಹಾಳಾದರೂ ಓದಿಸುವ ಸೌಲಭ್ಯ, ಕಡಿಮೆ ಇಟ್ಟರೆ 78 ಬೈಟ್ ಹೋಗುತ್ತದೆ. ಡೊಮೇನ್ ಹೆಸರು ಚಿಕ್ಕದಿದ್ದರೆ 22 ಅಕ್ಷರದ ಗುರುತು ಸೇರಿಸಿ ಇನ್ನೂ ಜಾಗ ಉಳಿಯುತ್ತದೆ. ಉಳಿದ ಜಾಗಕ್ಕೆ ತಿದ್ದುಪಡಿ ಒಂದು ಹಂತ ಏರಿಸಿ ಅಣ್ಣ, ಹಣ್ಣಿನ ರಸ ತಾಗಿದ ಚೀಟಿಯನ್ನೂ ಸ್ಕ್ಯಾನ್ ಮಾಡಬೇಕಲ್ಲ. ಮತ್ತೆ ಆ ಮೂರು ಸಾಲಿನ ಕೋಡ್ ನಾನೂ ತೆಗೆಯುತ್ತಿದ್ದೇನೆ, ನನ್ನ ಸೈಟ್ ಇನ್ನೂ ಎಚ್‌ಟಿಟಿಪಿಯಲ್ಲೇ ಇದೆ, ಮೊದಲು ಸರ್ಟಿಫಿಕೇಟ್ ಹಾಕಿಸಬೇಕು.